ಅಪರ್ಣಾ: ಬೆಳ್ಳಿತೆರೆಯಿಂದ ಮೈಕಿಗೆ, ಮೈಕಿನಿಂದ ಮೆಟ್ರೋಗೆ

ಅಪರ್ಣಾ ವಸ್ತಾರೆ (1966–2024) ಕನ್ನಡದ ನಟಿ, ಆಕಾಶವಾಣಿ ಉದ್ಘೋಷಕಿ, ದೂರದರ್ಶನದ ನಿರೂಪಕಿ. ಪುಟ್ಟಣ್ಣ ಕಣಗಾಲರ ಸಿನಿಮಾದಿಂದ ಬಣ್ಣದ ಲೋಕಕ್ಕೆ ಬಂದವರು, ತೊಂಬತ್ತರ ದಶಕದಲ್ಲಿ ಬೆಂಗಳೂರು ದೂರದರ್ಶನದ ಮುಖವಾದರು. ಮುಂದೆ ಧಾರಾವಾಹಿ, ರಿಯಾಲಿಟಿ ಶೋ, ಹಾಸ್ಯ ಕಾರ್ಯಕ್ರಮ ಎಲ್ಲದರಲ್ಲೂ ಕಾಣಿಸಿಕೊಂಡರು. ನಮ್ಮ ಮೆಟ್ರೋದ ಕನ್ನಡ ಪ್ರಕಟಣೆಗಳ ದನಿಯೂ ಅವರದೇ. ಮುಖ ನೋಡಿ ಗುರುತಿಸಿದವರಿಗಿಂತ ದನಿ ಕೇಳಿ ಗುರುತಿಸಿದವರೇ ಹೆಚ್ಚು ಎನ್ನಬಹುದಾದ ಕಲಾವಿದರು ಕನ್ನಡದಲ್ಲಿ ಬೆರಳೆಣಿಕೆಯಷ್ಟು. ಅವರಲ್ಲಿ ಅಪರ್ಣಾ ಒಬ್ಬರು.

ನಿರೂಪಣೆಯನ್ನು ನಮ್ಮಲ್ಲಿ ಬಹುಕಾಲ ಒಂದು ಕಲೆಯೆಂದು ಯಾರೂ ಲೆಕ್ಕಕ್ಕೆ ಹಿಡಿದಿರಲಿಲ್ಲ. ಹಾಡುವವರಿಗೆ, ಕುಣಿಯುವವರಿಗೆ, ನಟಿಸುವವರಿಗೆ ಸನ್ಮಾನ. ಅವರನ್ನು ವೇದಿಕೆಗೆ ಕರೆಯುವವರಿಗೆ ಕೊನೆಯಲ್ಲಿ ಒಂದು ವಂದನೆ. ಆ ಕೆಲಸಕ್ಕೂ ತಯಾರಿ ಬೇಕು, ಶಿಸ್ತು ಬೇಕು, ಭಾಷೆಯ ಮೇಲೆ ಹಿಡಿತ ಬೇಕು ಎಂಬುದನ್ನು ಮೂವತ್ತು ವರ್ಷ ದುಡಿದು ತೋರಿಸಿದವರು ಅಪರ್ಣಾ. ಅವರ ವೃತ್ತಿಜೀವನವನ್ನು ವಿವರವಾಗಿ ನೋಡುವುದಕ್ಕೆ ಇದಕ್ಕಿಂತ ದೊಡ್ಡ ಕಾರಣ ಬೇಕಿಲ್ಲ.

ಹುಟ್ಟೂರು, ಮನೆತನ

ಅಪರ್ಣಾ ಹುಟ್ಟಿದ್ದು ಚಿಕ್ಕಮಗಳೂರು ಜಿಲ್ಲೆ ಕಡೂರು ತಾಲ್ಲೂಕಿನ ಪಂಚನಹಳ್ಳಿಯಲ್ಲಿ. ಈ ತಾಲ್ಲೂಕಿಗೆ ಹಾಸನ ಜಿಲ್ಲೆಯ ಅರಸೀಕೆರೆ ಗಡಿ. ತೆಂಗು, ರಾಗಿ, ಕೆರೆಗಳ ಬಯಲುಸೀಮೆ ಅದು. ತಂದೆ ಕೆ.ಎಸ್. ನಾರಾಯಣಸ್ವಾಮಿ ಸಿನಿಮಾ ಪತ್ರಕರ್ತರು. ಹಾಗಾಗಿ ಚಿತ್ರರಂಗದ ಮಾತುಕತೆ ಮಗಳ ಕಿವಿಗೆ ಹೊಸದಾಗಿರಲಿಲ್ಲ. ವಸ್ತಾರೆ ಎಂಬ ಹೆಸರು ಸೇರಿದ್ದು ಮದುವೆಯ ನಂತರ. ಪತಿ ನಾಗರಾಜ ವಸ್ತಾರೆ ವಾಸ್ತುಶಿಲ್ಪಿ, ಕನ್ನಡದ ಕವಿ, ಕಥೆಗಾರ. ಚಿಕ್ಕಮಗಳೂರು ಬಳಿಯ ವಸ್ತಾರೆ ಅವರ ಹೆಸರಿನೊಡನೆ ಬಂದ ಊರು. ಆದರೆ ನಾಡಿನ ಜನಕ್ಕೆ ಅವರು ಬರೀ ಅಪರ್ಣಾ.

'ಮಸಣದ ಹೂವು'

ನಮ್ಮ ಹಾಸನ ಜಿಲ್ಲೆಯ ಅರಕಲಗೂಡಿಗೆ ನೆರೆಯ ಪಿರಿಯಾಪಟ್ಟಣ ತಾಲ್ಲೂಕಿನಲ್ಲಿದೆ ಕಣಗಾಲ್. ಅರಕಲಗೂಡು ತಾಲ್ಲೂಕಿನ ರಾಮನಾಥಪುರದ ಕಡೆಯವರಿಗೆ ಅದು ನೆಂಟರಿಷ್ಟರಿರುವ ಪಕ್ಕದ ಸೀಮೆ. ಆ ಊರಿನ ಪುಟ್ಟಣ್ಣ ಹೊಸ ಮುಖಗಳನ್ನು ಹುಡುಕಿ ತಿದ್ದಿ ತೀಡುವುದಕ್ಕೆ ಹೆಸರಾದ ನಿರ್ದೇಶಕ. ಅಂಬರೀಷ್ ತೆರೆಗೆ ಬಂದದ್ದು ಅವರ 1972ರ 'ನಾಗರಹಾವು' ಮೂಲಕ. ಎಂಬತ್ತರ ದಶಕದ ನಡುವೆ ಪುಟ್ಟಣ್ಣ 'ಮಸಣದ ಹೂವು' ಕೈಗೆತ್ತಿಕೊಂಡಾಗ ಅಂಬರೀಷ್, ಜಯಂತಿ ಅವರೊಂದಿಗೆ ಆರಿಸಿಕೊಂಡ ಹೊಸ ಹುಡುಗಿ ಅಪರ್ಣಾ. ಕರಾವಳಿಯ ಹಿನ್ನೆಲೆಯಲ್ಲಿ, ವೇಶ್ಯಾವೃತ್ತಿಗೆ ಸಿಕ್ಕಿಕೊಂಡ ಹೆಣ್ಣುಮಕ್ಕಳ ಬದುಕನ್ನು ಹೇಳುವ ಕಥೆ ಅದು. ಹದಿಹರೆಯ ಇನ್ನೂ ದಾಟದ ಹುಡುಗಿಗೆ ಹಗುರವಾದ ಪಾತ್ರವಲ್ಲ.

1985ರ ಜೂನ್ 5ರಂದು ಪುಟ್ಟಣ್ಣ ತೀರಿಕೊಂಡರು. ಅರ್ಧಕ್ಕೆ ನಿಂತ ಚಿತ್ರವನ್ನು ಅವರ ಗೆಳೆಯ ಕೆ.ಎಸ್.ಎಲ್. ಸ್ವಾಮಿ ಮುಗಿಸಿಕೊಟ್ಟರು. ಹೀಗೆ ಪುಟ್ಟಣ್ಣನವರ ಕಡೆಯ ಶಿಷ್ಯವರ್ಗಕ್ಕೆ ಸೇರಿದವರು ಅಪರ್ಣಾ. ಮಾತನ್ನು ಒಡೆದು, ಎಲ್ಲಿ ಒತ್ತಬೇಕು ಎಲ್ಲಿ ಬಿಡಬೇಕು ಎಂದು ನಟರ ಕೈಯಲ್ಲಿ ಮತ್ತೆ ಮತ್ತೆ ಹೇಳಿಸುತ್ತಿದ್ದ ನಿರ್ದೇಶಕನ ಬಳಿ ಮೊದಲ ಪಾಠ ಕಲಿತದ್ದು ಅವರ ಮುಂದಿನ ಕಸುಬಿಗೆ ಬುನಾದಿಯಾಯಿತು ಎಂದೇ ನನ್ನ ನಂಬಿಕೆ.

ಅನಂತರದ ಕೆಲವು ವರ್ಷ ಸಿನಿಮಾಗಳು ಒಂದರ ಹಿಂದೆ ಒಂದು ಬಂದವು. 1987ರ 'ಸಂಗ್ರಾಮ', 1988ರ 'ನಮ್ಮೂರ ರಾಜ', 'ಸಾಹಸ ವೀರ', 'ಒಲವಿನ ಆಸರೆ', 1989ರ 'ಇನ್ಸ್‌ಪೆಕ್ಟರ್ ವಿಕ್ರಂ', 'ಡಾಕ್ಟರ್ ಕೃಷ್ಣ' ಆ ಸಾಲಿನವು. ಇವುಗಳಲ್ಲಿ ಅವರಿಗೆ ಸಿಕ್ಕದ್ದು ಹೆಚ್ಚಾಗಿ ತಂಗಿಯ, ಸ್ನೇಹಿತೆಯ, ಎರಡನೇ ನಾಯಕಿಯ ಬಗೆಯ ಪಾತ್ರಗಳು. ಮೊದಲ ಚಿತ್ರ ಎಬ್ಬಿಸಿದ ನಿರೀಕ್ಷೆಗೆ ಚಿತ್ರರಂಗ ತಕ್ಕ ಜಾಗ ಕೊಡಲಿಲ್ಲ. ಅವರ ನಿಜವಾದ ಜಾಗ ಬೇರೆಡೆ ಕಾದಿತ್ತು.

ಆಕಾಶವಾಣಿ

ಕನ್ನಡ ನಾಡಿಗೂ ರೇಡಿಯೋಗೂ ಹಳೆಯ ನಂಟು. ಮನಶ್ಶಾಸ್ತ್ರದ ಪ್ರಾಧ್ಯಾಪಕ ಎಂ.ವಿ. ಗೋಪಾಲಸ್ವಾಮಿ 1935ರಲ್ಲಿ ಮೈಸೂರಿನ ತಮ್ಮ ಮನೆಯಿಂದಲೇ ಬಾನುಲಿ ಕೇಂದ್ರ ಶುರುಮಾಡಿದ್ದರು. ಆಕಾಶವಾಣಿ ಎಂಬ ಹೆಸರು ಇಡೀ ದೇಶಕ್ಕೆ ಹೋದದ್ದು ಅಲ್ಲಿಂದ. ಬೆಂಗಳೂರು ಕೇಂದ್ರ ಆರಂಭವಾದದ್ದು 1955ರಲ್ಲಿ. ನಾಟಕ, ಸುಗಮ ಸಂಗೀತ, ಕೃಷಿರಂಗ, ವಾರ್ತೆ ಎಲ್ಲದರಲ್ಲೂ ಉಚ್ಚಾರಣೆಯ ಶುದ್ಧಿಯನ್ನು ವ್ರತದಂತೆ ಪಾಲಿಸಿದ ಉದ್ಘೋಷಕರ ಒಂದು ಪರಂಪರೆಯೇ ಅಲ್ಲಿ ಬೆಳೆದಿತ್ತು.

1993ರಲ್ಲಿ ಅಪರ್ಣಾ ಆಕಾಶವಾಣಿಗೆ ಸೇರಿದರು. ವಿವಿಧಭಾರತಿಯಲ್ಲಿ ದುಡಿದರು. ಬೆಂಗಳೂರಿನ ಎಫ್‌ಎಂ ರೈನ್‌ಬೋ ಬಂದಾಗ ಅದರ ಮೊದಲ ನಿರೂಪಕಿಯೂ ಅವರೇ ಆದರು. ಇದು ಬರೀ ಮೊದಲಿಗಳೆಂಬ ಹೆಮ್ಮೆಯ ಮಾತಲ್ಲ. ಹಳೆಯ ಬಾನುಲಿಯಲ್ಲಿ ಉದ್ಘೋಷಕರು ಬರೆದದ್ದನ್ನು ಓದುತ್ತಿದ್ದರು, ಗಾಂಭೀರ್ಯವೇ ಪ್ರಧಾನ. ಎಫ್‌ಎಂ ಬಂದಾಗ ಕೇಳುಗರ ಜೊತೆ ಹರಟುವಂತೆ ಮಾತಾಡಬೇಕಾಯಿತು. ಹರಟೆಯ ಸಲುಗೆಯನ್ನೂ ಬಾನುಲಿಯ ಶಿಸ್ತನ್ನೂ ಒಟ್ಟಿಗೆ ನಿಭಾಯಿಸುವ ಮಾದರಿ ಕನ್ನಡದಲ್ಲಿ ಆಗ ಇರಲಿಲ್ಲ. ಮುಂದೆ ಖಾಸಗಿ ಎಫ್‌ಎಂಗಳು ಹುಟ್ಟಿ ಅರೆಬರೆ ಇಂಗ್ಲಿಷ್ ಬೆರೆತ ಮಾತೇ ರೂಢಿಯಾದಾಗ, ಅಪರ್ಣಾ ಹಾಕಿಕೊಟ್ಟ ದಾರಿ ಎಷ್ಟು ಬೆಲೆಯುಳ್ಳದ್ದೆಂದು ಅರಿವಾಯಿತು.

ದೂರದರ್ಶನ ಮತ್ತು ಹಾಸನದ ನಂಟು

ಬೆಂಗಳೂರು ದೂರದರ್ಶನ ಕೇಂದ್ರ ಶುರುವಾದದ್ದು 1981ರ ನವೆಂಬರ್ 1ರಂದು, ರಾಜ್ಯೋತ್ಸವದ ದಿನ. ಮರುವರ್ಷ ದೇಶದಲ್ಲಿ ಬಣ್ಣದ ಟಿ.ವಿ. ಬಂತು, ಇನ್ಸಾಟ್ ಉಪಗ್ರಹಗಳ ಕಾಲವೂ ಶುರುವಾಯಿತು. ಇಲ್ಲಿ ಹಾಸನದ ಹೆಸರು ಬರುತ್ತದೆ. ಇನ್ಸಾಟ್ ಉಪಗ್ರಹಗಳನ್ನು ಕಕ್ಷೆಯಲ್ಲಿ ನಿಲ್ಲಿಸಿ ನಿಯಂತ್ರಿಸುವ ಮುಖ್ಯ ನಿಯಂತ್ರಣ ಕೇಂದ್ರವನ್ನು ಇಸ್ರೋ ಸ್ಥಾಪಿಸಿದ್ದು 1982ರಲ್ಲಿ, ಹಾಸನದ ಸಾಲಗಾಮೆ ರಸ್ತೆಯಲ್ಲಿ. ಊರಿನವರು ಇಂದಿಗೂ ಅದನ್ನು ಎಂಸಿಎಫ್ ಎಂದೇ ಕರೆಯುವುದು. 1982ರ ಏಪ್ರಿಲ್‌ನಲ್ಲಿ ಹಾರಿದ ಇನ್ಸಾಟ್-1ಎ ಕೆಲವೇ ತಿಂಗಳಲ್ಲಿ ಕೆಟ್ಟಿತು. 1983ರ ಆಗಸ್ಟಿನಲ್ಲಿ ಹೋದ ಇನ್ಸಾಟ್-1ಬಿ ಕೈಹಿಡಿಯಿತು. ದೂರದರ್ಶನ ಮಹಾನಗರಗಳನ್ನು ದಾಟಿ ಜಿಲ್ಲೆಗಳಿಗೆ, ತಾಲ್ಲೂಕುಗಳಿಗೆ ಹಬ್ಬಿದ್ದು ಈ ಉಪಗ್ರಹಗಳ ಬಲದಿಂದ. ಬೆಂಗಳೂರಿನ ಸ್ಟುಡಿಯೋದಲ್ಲಿ ನಮಸ್ಕಾರ ಹೇಳುವ ಹೆಣ್ಣುಮಗಳು ಹೊಳೆನರಸೀಪುರದ, ಚನ್ನರಾಯಪಟ್ಟಣದ, ರಾಮನಾಥಪುರದ ನಡುಮನೆಗೆ ಬರಬೇಕಾದರೆ ಆಕಾಶದಲ್ಲಿರುವ ಉಪಗ್ರಹ ನೆಟ್ಟಗಿರಬೇಕು. ಅದನ್ನು ನೆಟ್ಟಗಿಡುತ್ತಿದ್ದವರು ಹಾಸನದಲ್ಲಿದ್ದರು. ನಮ್ಮ ಜಿಲ್ಲೆಯ ಶಾಲೆಗಳಲ್ಲಿ ಬೇಲೂರು ಹಳೇಬೀಡಿನಷ್ಟೇ ಅಭಿಮಾನದಿಂದ ಇದನ್ನೂ ಹೇಳಿಕೊಡಬೇಕು.

ತೊಂಬತ್ತರ ದಶಕದಲ್ಲಿ, ಮುಂದೆ 'ಚಂದನ' ಎಂದು ಹೆಸರಾದ ವಾಹಿನಿಯಲ್ಲಿ ಅಪರ್ಣಾ ನಿರೂಪಿಸದ ಬಗೆಯ ಕಾರ್ಯಕ್ರಮ ಇರಲಿಲ್ಲವೇನೋ. ಸಂಗೀತ, ಸಂದರ್ಶನ, ಹಬ್ಬದ ವಿಶೇಷ, ಸಭೆ ಸಮಾರಂಭಗಳ ನೇರಪ್ರಸಾರ ಎಲ್ಲಕ್ಕೂ ಅವರು ಬೇಕು. 1998ರ ದೀಪಾವಳಿಯಂದು ಎಂಟು ಗಂಟೆ ಎಡೆಬಿಡದೆ ನಿರೂಪಣೆ ಮಾಡಿದ್ದು ಇಂದಿಗೂ ಆ ವೃತ್ತಿಯವರು ನೆನೆಯುವ ದಾಖಲೆ. ಉದಯ ಟಿ.ವಿ. 1994ರಲ್ಲಿ ಬಂದು ಖಾಸಗಿ ವಾಹಿನಿಗಳ ಪೈಪೋಟಿ ಶುರುವಾಗಿದ್ದರೂ, ಕೇಬಲ್ ಇನ್ನೂ ತಲುಪದ ಹಳ್ಳಿಗಳಲ್ಲಿ ಟಿ.ವಿ. ಎಂದರೆ ದೂರದರ್ಶನವೇ. ಹಂಚಿನ ಮೇಲಿನ ಆಂಟೆನಾ ತಿರುಗಿಸಿ ಚಿತ್ರ ನಿಲ್ಲಿಸುತ್ತಿದ್ದ ಆ ಮನೆಗಳಲ್ಲಿ ಅಪರ್ಣಾ ಅಕ್ಕನೋ ಮನೆಮಗಳೋ ಎಂಬಂತೆ ಬಳಕೆಯಾಗಿದ್ದರು.

ನಿರೂಪಣೆ ಎಂಬ ಕಸುಬು

ಎಂಟು ಗಂಟೆ ಮಾತಾಡುವುದು ಏನು ಮಹಾ ಎನ್ನಿಸಬಹುದು. ಸ್ಟುಡಿಯೋ ಕೆಲಸ ಬಲ್ಲವರಿಗೆ ಅದರ ಕಷ್ಟ ಗೊತ್ತು. ನೇರಪ್ರಸಾರದಲ್ಲಿ ಮುಂದಿನ ಟೇಪು ಸಿದ್ಧವಿಲ್ಲ ಎಂದು ನಿರ್ಮಾಪಕರು ಸನ್ನೆ ಮಾಡಿದರೆ ಅರ್ಧ ನಿಮಿಷವೋ ಎರಡು ನಿಮಿಷವೋ ತುಂಬಬೇಕಾದವರು ನಿರೂಪಕರು. ತುಂಬಿದ್ದು ಗೊತ್ತಾಗಬಾರದು. ಅತಿಥಿ ತಡವರಿಸಿದರೆ ಮಾತು ಎತ್ತಿಕೊಡಬೇಕು, ಹರಿಬಿಟ್ಟರೆ ಮರ್ಯಾದೆ ಕೆಡದಂತೆ ತಡೆಯಬೇಕು. ಕಲಾವಿದರ, ಊರುಗಳ, ರಾಗಗಳ ಹೆಸರು ಒಂದೂ ತಪ್ಪಕೂಡದು. ಹೆಸರು ತಪ್ಪಿಸಿಕೊಂಡ ಕಲಾವಿದನಿಗೆ ಆಗುವ ನೋವು ಎಂಥದೆಂದು ನಮ್ಮ ಕಡೆಯ ಭಜನಾ ಮಂಡಳಿಯವರನ್ನು ಕೇಳಿದರೂ ಹೇಳುತ್ತಾರೆ.

ಇದರ ಮೇಲೆ ಉಚ್ಚಾರಣೆ. ಹಳೇ ಮೈಸೂರು ಸೀಮೆಯ ಮಾತಿನಲ್ಲಿ ಹಕಾರ ಸಡಿಲ, ಮಹಾಪ್ರಾಣ ಅಪರೂಪ, ಶಕಾರ ಸಕಾರಗಳಿಗೆ ಅಂತರ ಕಡಿಮೆ. ಮನೆಮಾತಿಗೆ ಅದರಿಂದ ಯಾವ ಕೊರತೆಯೂ ಇಲ್ಲ. ಅದರ ಸೊಗಸೇ ಬೇರೆ. ಆದರೆ ಬೀದರದಿಂದ ಚಾಮರಾಜನಗರದವರೆಗಿನ ಕಿವಿಗಳಿಗೆ ಒಮ್ಮೆಗೇ ಮುಟ್ಟಬೇಕಾದ ದನಿಯಲ್ಲಿ ಪ್ರತಿ ಅಕ್ಷರವೂ ಬಿಡಿಬಿಡಿಯಾಗಿ ಕೇಳಬೇಕು, ಹಾಗೆಂದು ಕಟ್ಟುಮಸ್ತಾದ ಪುಸ್ತಕದ ಕನ್ನಡವೂ ಆಗಬಾರದು. ಅಪರ್ಣಾ ಈ ಹದವನ್ನು ಕಂಡುಕೊಂಡಿದ್ದರು. ಸಂಸ್ಕೃತ ಶಬ್ದ ಬಂದರೆ ಅದರ ತೂಕಕ್ಕೆ ತಕ್ಕಂತೆ, ಅಚ್ಚಗನ್ನಡದ ಮಾತು ಬಂದರೆ ಅದರ ಸಲೀಸಿಗೆ ತಕ್ಕಂತೆ ದನಿ ತಿರುಗುತ್ತಿತ್ತು. ವಾಕ್ಯದ ಕೊನೆಯ ಕ್ರಿಯಾಪದವನ್ನು ನುಂಗುವ ಚಾಳಿ ನಮ್ಮ ಬಹಳ ಮಂದಿ ನಿರೂಪಕರಿಗಿದೆ. ಅವರಲ್ಲಿ ಅದು ಇರಲಿಲ್ಲ.

ನಟರು ನಿರೂಪಕರಾಗುವುದು ಹೊರಗೂ ಹಳೆಯ ರೂಢಿ. 1936ರ ನವೆಂಬರ್‌ನಲ್ಲಿ ಬಿಬಿಸಿ ಲಂಡನ್ನಿನ ಅಲೆಕ್ಸಾಂಡ್ರಾ ಪ್ಯಾಲೆಸ್‌ನಿಂದ ಟಿ.ವಿ. ಪ್ರಸಾರ ಶುರುಮಾಡಿದಾಗ ಅದರ ಮೊದಲ ನಿರೂಪಕಿಯರಲ್ಲಿ ಒಬ್ಬರಾದ ಜಾಸ್ಮಿನ್ ಬ್ಲೈ ರಂಗನಟಿಯಾಗಿದ್ದವರು. ದನಿಯನ್ನೂ ಮೈಯನ್ನೂ ಒಟ್ಟಿಗೆ ಪಳಗಿಸಿಕೊಂಡವರಿಗೆ ಕ್ಯಾಮೆರಾ ಮುಂದೆ ಸುಮ್ಮನೆ ನಿಲ್ಲುವುದು ಬರುತ್ತದೆ. ಸುಮ್ಮನೆ ನಿಲ್ಲುವುದೇ ಈ ಕಸುಬಿನಲ್ಲಿ ಕಠಿಣ.

ರಾಜ್ಯ ಸರ್ಕಾರದ ದೊಡ್ಡ ಸಮಾರಂಭಗಳ ವೇದಿಕೆಗಳಲ್ಲೂ ಅಪರ್ಣಾ ನಿರೂಪಣೆ ಮಾಡಿದರು. ಇಂದು ರಾಮನಾಥಪುರದ ಷಷ್ಠಿ ಜಾತ್ರೆಯಂಥ ಕಡೆಯೂ, ತಾಲ್ಲೂಕು ಸಾಹಿತ್ಯ ಸಮ್ಮೇಳನದಲ್ಲೂ ನಿರೂಪಣೆಗೆಂದೇ ಒಬ್ಬ ಮೇಷ್ಟ್ರನ್ನೋ ಕಾಲೇಜು ಹುಡುಗಿಯನ್ನೋ ಗೊತ್ತುಮಾಡುತ್ತಾರೆ. ಆ ಹುಡುಗಿಯರ ಮಾತಿನ ಏರಿಳಿತದಲ್ಲಿ ಎಲ್ಲೋ ಒಂದೆಡೆ ಅಪರ್ಣಾ ಕೇಳಿಸುತ್ತಾರೆ. ಯಾವ ಶಾಲೆಯೂ ಕಲಿಸದ ವಿದ್ಯೆಯನ್ನು ಅವರು ಟಿ.ವಿ. ಮೂಲಕವೇ ಕಲಿಸಿದ್ದರು.

ಧಾರಾವಾಹಿಗಳು

2000ದ ಡಿಸೆಂಬರ್‌ನಲ್ಲಿ ಈಟಿವಿ ಕನ್ನಡ ಆರಂಭವಾದ ಮೇಲೆ ಕನ್ನಡ ಧಾರಾವಾಹಿಗೆ ಹೊಸ ಹುರುಪು ಬಂತು. ವೈಶಾಲಿ ಕಾಸರವಳ್ಳಿ ನಿರ್ದೇಶಿಸಿದ 'ಮೂಡಲ ಮನೆ' ಉತ್ತರ ಕರ್ನಾಟಕದ ಕೂಡುಕುಟುಂಬದ ಕಥೆ, ಟಿ.ಎನ್. ಸೀತಾರಾಂ ಅವರ 'ಮುಕ್ತ' ಕೋರ್ಟು, ರಾಜಕೀಯ, ಮಧ್ಯಮವರ್ಗದ ತಳಮಳಗಳ ಕಥೆ. ಎರಡರಲ್ಲೂ ಅಪರ್ಣಾ ನಟಿಸಿದರು. ಹೊತ್ತು ಮುಳುಗಿದ ಮೇಲೆ ಊಟ ಮುಂದೂಡಿ ಜನ ಕಾಯುತ್ತಿದ್ದ ಧಾರಾವಾಹಿಗಳು ಇವು.

ಇದೇ ಈಟಿವಿ ಕಾಲದಲ್ಲಿ ಹಾಸನ ಜಿಲ್ಲೆಯ ಭುವನಹಳ್ಳಿ ಮೂಲದ ಹುಡುಗನೊಬ್ಬ 'ನಂದಗೋಕುಲ' ಧಾರಾವಾಹಿಯಲ್ಲಿ ನಟಿಸುತ್ತಿದ್ದ. ಆತ ಯಶ್. 2007ರ 'ಜಂಬದ ಹುಡುಗಿ', 2008ರ 'ಮೊಗ್ಗಿನ ಮನಸು' ಚಿತ್ರಗಳ ನಂತರ ಹಿಂತಿರುಗಿ ನೋಡಲಿಲ್ಲ. ಕಿರುತೆರೆಯಿಂದ ಹಿರಿತೆರೆಗೆ ಏರುವುದು ಎಲ್ಲರೂ ಬಯಸುವ ದಾರಿ. ಅಪರ್ಣಾ ನಡೆದದ್ದು ಅದಕ್ಕೆ ಎದುರಾಗಿ, ಹಿರಿತೆರೆಯಿಂದ ಕಿರುತೆರೆಗೆ, ಅಲ್ಲಿಂದ ಬರೀ ದನಿಗೆ. ಇದನ್ನು ಇಳಿಜಾರು ಎಂದು ಎಣಿಸುವುದು ತಪ್ಪು ಲೆಕ್ಕ.

ಬಿಗ್ ಬಾಸ್, ಆಮೇಲೆ ವರಲಕ್ಷ್ಮಿ

2013ರ ಮಾರ್ಚ್‌ನಲ್ಲಿ ಸುದೀಪ್ ನಡೆಸಿಕೊಟ್ಟ ಬಿಗ್ ಬಾಸ್ ಕನ್ನಡದ ಮೊದಲ ಆವೃತ್ತಿ ಈಟಿವಿ ಕನ್ನಡದಲ್ಲಿ ಶುರುವಾದಾಗ ಸ್ಪರ್ಧಿಗಳಲ್ಲಿ ಅಪರ್ಣಾ ಇದ್ದರು. ಆ ಆವೃತ್ತಿ ಗೆದ್ದವರು ವಿಜಯ ರಾಘವೇಂದ್ರ. ಅದುವರೆಗೆ ಸೀರೆಯುಟ್ಟು ಮೈಕು ಹಿಡಿದ ಅಪರ್ಣಾರನ್ನು ಮಾತ್ರ ಕಂಡಿದ್ದ ವೀಕ್ಷಕರಿಗೆ ಮನೆಯೊಳಗಿನ ಸಾಮಾನ್ಯ ಮಾತಿನ ಅಪರ್ಣಾ ಹೊಸಬರು.

ಅದಕ್ಕಿಂತ ದೊಡ್ಡ ಅಚ್ಚರಿ 2015ರಲ್ಲಿ ಬಂತು. ಸೃಜನ್ ಲೋಕೇಶ್ ನಡೆಸುತ್ತಿದ್ದ 'ಮಜಾ ಟಾಕೀಸ್'ನಲ್ಲಿ ಅವರು ವರಲಕ್ಷ್ಮಿಯಾದರು. ತನ್ನನ್ನು ತಾನೇ 'ಒನ್ ಅಂಡ್ ಓನ್ಲಿ' ಎಂದು ಹೊಗಳಿಕೊಳ್ಳುವ, ಜಂಬವೇ ಮೈವೆತ್ತ ಹೆಂಗಸು ಈ ವರಲಕ್ಷ್ಮಿ. ಕನ್ನಡದ ಅತ್ಯಂತ ಅಚ್ಚುಕಟ್ಟಾದ ದನಿಯೆಂದು ಹೆಸರಾದವರು ಆ ಹೆಸರನ್ನೇ ಪಣಕ್ಕಿಟ್ಟು ನಗಿಸಲು ನಿಂತದ್ದು ಸಣ್ಣ ಧೈರ್ಯವಲ್ಲ. ಕುರಿ ಪ್ರತಾಪ್, ಶ್ವೇತಾ ಚೆಂಗಪ್ಪ ಅವರಂಥ ಚುರುಕಿನವರ ನಡುವೆ ಮಾತಿಗೆ ಮಾತು ಕೊಡಬೇಕು, ಎದುರಿಗೆ ಪ್ರೇಕ್ಷಕರು ಕೂತಿರುತ್ತಾರೆ. ದಶಕಗಳ ನಿರೂಪಣೆಯಿಂದ ಬಂದ ಸಮಯಪ್ರಜ್ಞೆ ಇಲ್ಲಿ ಹಾಸ್ಯದ ಕೈಗೆ ಸಿಕ್ಕಿತು. ಯಾವ ಅಕ್ಷರವನ್ನು ಎಳೆದರೆ ನಗು ಬರುತ್ತದೆಂದು ತಿಳಿಯಬೇಕಾದರೆ, ಅದನ್ನು ಎಳೆಯದೆ ಹೇಳುವುದು ಹೇಗೆಂದು ಮೊದಲು ತಿಳಿದಿರಬೇಕು. ಚಂದನದ ಅಪರ್ಣಾರನ್ನು ನೋಡಿರದ ಹೊಸ ಪೀಳಿಗೆ ಅವರನ್ನು ಪ್ರೀತಿಸಿದ್ದು ವರಲಕ್ಷ್ಮಿಯಾಗಿಯೇ.

ನಿಲ್ದಾಣಗಳ ದನಿ

ಬೆಂಗಳೂರಿನ ಮೆಟ್ರೋ ಮೊದಲು ಓಡಿದ್ದು 2011ರ ಅಕ್ಟೋಬರ್ 20ರಂದು, ಬೈಯಪ್ಪನಹಳ್ಳಿಯಿಂದ ಮಹಾತ್ಮ ಗಾಂಧಿ ರಸ್ತೆಯವರೆಗೆ, ಆರು ನಿಲ್ದಾಣಗಳ ದಾರಿ. 2017ರ ಜೂನ್ ಹೊತ್ತಿಗೆ ಮೊದಲ ಹಂತದ 42.3 ಕಿಲೋಮೀಟರ್ ಪೂರ್ತಿಯಾಯಿತು. ಕನ್ನಡದ ಪ್ರಕಟಣೆಗಳಿಗೆ ದನಿ ಕೊಟ್ಟವರು ಅಪರ್ಣಾ. ಹಾಸನ, ಅರಕಲಗೂಡು, ಚನ್ನರಾಯಪಟ್ಟಣದ ಬಸ್ಸುಗಳು ತುಮಕೂರು ರಸ್ತೆಯಿಂದ ಬೆಂಗಳೂರು ಹೊಗುತ್ತವೆ. ಗೊರಗುಂಟೆಪಾಳ್ಯದಲ್ಲಿ ಇಳಿದು ಹಸಿರು ಮಾರ್ಗದ ರೈಲು ಹತ್ತುವ ನಮ್ಮ ಕಡೆಯವರಿಗೆ ರಾಜಧಾನಿಯಲ್ಲಿ ದಾರಿ ಹೇಳಿಕೊಟ್ಟ ಮೊದಲ ಕನ್ನಡದ ದನಿ ಅವರದು.

ಇಂಥ ಪ್ರಕಟಣೆಗಳನ್ನು ಸಾಮಾನ್ಯವಾಗಿ ಒಂದೇ ಉಸಿರಿನ ವಾಕ್ಯವಾಗಿ ಮುದ್ರಿಸುವುದಿಲ್ಲ. ಮತ್ತೆ ಮತ್ತೆ ಬರುವ ಮಾತುಗಳನ್ನು ಒಂದು ಕಡೆ, ನಿಲ್ದಾಣಗಳ ಹೆಸರುಗಳನ್ನು ಇನ್ನೊಂದು ಕಡೆ ಮುದ್ರಿಸಿ, ಯಂತ್ರ ಅವನ್ನು ಬೇಕಾದಂತೆ ಜೋಡಿಸುತ್ತದೆ. ಬಿಡಿಯಾಗಿ ಹೇಳಿದ ಹೆಸರು ವಾಕ್ಯದೊಳಗೆ ಕೂತಾಗ ಬೆಸುಗೆ ಕಾಣದಂತಿರಬೇಕಾದರೆ ಎಲ್ಲ ತುಣುಕುಗಳಲ್ಲೂ ದನಿಯ ಎತ್ತರ, ವೇಗ, ಹುರುಪು ಒಂದೇ ಸಮ ಇರಬೇಕು. ಬೆಂಗಳೂರಿನ ಹೆಸರುಗಳೋ ನಾನಾ ಬಗೆಯವು. ಹಲಸೂರಿನಂಥ ಪುಟ್ಟ ಹೆಸರಿನ ಪಕ್ಕದಲ್ಲೇ ಟ್ರಿನಿಟಿ. ಮುಂದೆ ಸರ್ ಎಂ. ವಿಶ್ವೇಶ್ವರಯ್ಯ, ನಾಡಪ್ರಭು ಕೆಂಪೇಗೌಡ, ಕ್ರಾಂತಿವೀರ ಸಂಗೊಳ್ಳಿ ರಾಯಣ್ಣ ಎಂಬ ಉದ್ದುದ್ದ ಹೆಸರುಗಳು. ಒಂದನ್ನೂ ಅವಸರದಲ್ಲಿ ಉರುಳಿಸದೆ, ಕಿಕ್ಕಿರಿದ ಬೋಗಿಯ ಗದ್ದಲದಲ್ಲೂ ಕೇಳುವಂತೆ ಹೇಳಿದ್ದಾರೆ. ಕನ್ನಡ ಬಾರದ ಲಕ್ಷಾಂತರ ಪ್ರಯಾಣಿಕರಿಗೆ ದಿನವೂ ಕೇಳಿಸುವ ಕನ್ನಡ ಅದು. ಭಾಷಣಗಳು ಮಾಡಲಾಗದ ಕೆಲಸವನ್ನು ಆ ನಾಲ್ಕು ಮಾತು ಮಾಡುತ್ತಿವೆ.

ದೆಹಲಿ ಮೆಟ್ರೋದಲ್ಲೂ ಇಂಥದೇ ಆಯ್ಕೆ ನಡೆದಿದೆ. ಅಲ್ಲಿನ ಹಿಂದಿ ದನಿ ಶಮ್ಮಿ ನಾರಂಗ್, ಇಂಗ್ಲಿಷ್ ದನಿ ರಿನಿ ಸೈಮನ್ ಖನ್ನಾ. ಇಬ್ಬರೂ ದೂರದರ್ಶನದ ವಾರ್ತಾವಾಚಕರಾಗಿದ್ದವರು. ದೂರದರ್ಶನ ಪಳಗಿಸಿದ ಗಂಟಲುಗಳೇ ಮಹಾನಗರಗಳಿಗೆ ಬೇಕಾದವು.

ಕೊನೆಯ ವರ್ಷಗಳು

ಶ್ವಾಸಕೋಶದ ಕ್ಯಾನ್ಸರ್ ಪತ್ತೆಯಾದ ಮೇಲೆ ಅಪರ್ಣಾ ಅದನ್ನು ಹೊರಗೆ ಹೇಳಿಕೊಳ್ಳದೆ ಚಿಕಿತ್ಸೆ ಪಡೆದರು. 2024ರಲ್ಲಿ ಬಿಡುಗಡೆಯಾದ 'ಗ್ರೇ ಗೇಮ್ಸ್' ಚಿತ್ರದಲ್ಲಿ ಕಾಣಿಸಿಕೊಂಡರು. ಅದರಲ್ಲಿ ಬಿಗ್ ಬಾಸ್ ಮನೆಯ ಸಂಗಾತಿ ವಿಜಯ ರಾಘವೇಂದ್ರರೂ ಇದ್ದರು. ಅದೇ ವರ್ಷದ ಜುಲೈ 11ರಂದು ಬೆಂಗಳೂರಿನ ಬನಶಂಕರಿಯ ಮನೆಯಲ್ಲಿ ತೀರಿಕೊಂಡಾಗ ಅವರಿಗೆ 57 ವರ್ಷ. ಕಾಯಿಲೆಯ ಸಂಗತಿ ಬಹಳ ಮಂದಿಗೆ ಗೊತ್ತಾದದ್ದೇ ಅಂದು.

ದನಿಯನ್ನು ಕಾಪಿಡುವುದು

ಲಂಡನ್ನಿನ ಸುರಂಗ ರೈಲಿನ ಒಂದು ಪ್ರಸಂಗ ಇಲ್ಲಿ ಹೇಳಬೇಕು. ಬ್ರಿಟನ್ನಿನ ನಟ ಆಸ್ವಾಲ್ಡ್ ಲಾರೆನ್ಸ್, ರೈಲಿಗೂ ಪ್ಲಾಟ್‌ಫಾರಂಗೂ ನಡುವಿನ ಸಂದಿನ ಬಗ್ಗೆ ಎಚ್ಚರ ಹೇಳುವ ಪ್ರಕಟಣೆಗೆ ದನಿ ಕೊಟ್ಟಿದ್ದರು. 2007ರಲ್ಲಿ ಅವರು ತೀರಿಕೊಂಡ ಮೇಲೆ ಪತ್ನಿ ಮಾರ್ಗರೆಟ್ ಮೆಕಾಲಂ ಆ ದನಿ ಕೇಳಲೆಂದೇ ಎಂಬ್ಯಾಂಕ್‌ಮೆಂಟ್ ನಿಲ್ದಾಣಕ್ಕೆ ಹೋಗಿ ಕೂರುತ್ತಿದ್ದರು. 2012ರ ಕೊನೆಗೆ ಹೊಸ ವ್ಯವಸ್ಥೆ ಬಂದು ಹಳೆಯ ದನಿ ನಿಂತುಹೋಯಿತು. ಆಕೆ ಕೇಳಿಕೊಂಡಾಗ ಸಿಬ್ಬಂದಿ ಹಳೆಯ ಮುದ್ರಣವನ್ನು ಹುಡುಕಿ ತೆಗೆದು ಅವರಿಗೊಂದು ಪ್ರತಿ ಕೊಟ್ಟರು, 2013ರಲ್ಲಿ ಆ ಒಂದು ನಿಲ್ದಾಣಕ್ಕೆ ಅದೇ ದನಿಯನ್ನು ಮರಳಿ ತಂದರು.

ಮೆಟ್ರೋ ಬೆಳೆಯುತ್ತಿದೆ. ಹೊಸ ಮಾರ್ಗಗಳಿಗೆ ಹೊಸ ದನಿಗಳು ಬರುವುದು, ಹಳೆಯ ಮಾರ್ಗಗಳ ಯಂತ್ರಗಳು ಒಂದು ದಿನ ಬದಲಾಗುವುದು ಸಹಜ. ಆದರೆ ಅಪರ್ಣಾ ಹೇಳಿದ ಒಂದೊಂದು ನಿಲ್ದಾಣದ ಹೆಸರಿನ ಮೂಲ ಮುದ್ರಣವನ್ನೂ ಮೆಟ್ರೋ ನಿಗಮ ದಾಖಲೆಯಾಗಿ ಎತ್ತಿಡಬೇಕು. ಆಕಾಶವಾಣಿ, ದೂರದರ್ಶನಗಳ ಕಪಾಟುಗಳಲ್ಲಿ ಉಳಿದಿರುವ ಅವರ ನಿರೂಪಣೆಯ ಟೇಪುಗಳನ್ನು ಡಿಜಿಟಲ್ ಮಾಡಿ, ಪತ್ರಿಕೋದ್ಯಮ ಕಲಿಸುವ ಕಾಲೇಜುಗಳಿಗೆ ಕೊಡಬೇಕು. ಹಾಡುಗಾರರ, ನಾಟಕಕಾರರ ಮುದ್ರಣಗಳನ್ನು ಜೋಪಾನ ಮಾಡುವವರು ನಿರೂಪಣೆಯ ತುಣುಕನ್ನು ಸಾಮಾನ್ಯವಾಗಿ ಕತ್ತರಿಸಿ ಎಸೆಯುತ್ತಾರೆ. ಹಾಸನದ ಹುಡುಗಿಯೊಬ್ಬಳು ನಾಳೆ ಮೈಕಿನ ಮುಂದೆ ನಿಲ್ಲುವ ಮೊದಲು ಕೇಳಿ ಕಲಿಯಬೇಕಾದದ್ದು ಕತ್ತರಿಸಿ ಎಸೆದ ಆ ತುಣುಕುಗಳನ್ನೇ.